ಚಾಟಿ ಹಿಡಿದ ಚಿತ್ರದ ಹಿಂದೆ

ಮಂಡ್ಯ, ಮದ್ದೂರು, ಮಳವಳ್ಳಿ ಸೀಮೆಯ ಜನರ ಮನಸ್ಸಿನಲ್ಲಿ ಜೆ. ಜಯಲಲಿತಾ ಅವರದು ಬಹುಕಾಲ ಒಂದೇ ರೂಪ: ಕಾವೇರಿ ನೀರಿಗಾಗಿ ಪಟ್ಟು ಹಿಡಿದ ತಮಿಳುನಾಡಿನ ಮುಖ್ಯಮಂತ್ರಿ. 2016ರ ಚಳವಳಿಯಲ್ಲಿ ಈ ಸೀಮೆಯ ರಸ್ತೆಗಳಲ್ಲಿ ಅವರ ಪ್ರತಿಕೃತಿಗಳನ್ನು ಸುಡಲಾಯಿತು. 1948ರಲ್ಲಿ ಅವರು ಹುಟ್ಟಿದ್ದು ಇದೇ ಜಿಲ್ಲೆಯ ಮೇಲುಕೋಟೆಯಲ್ಲಿ ಎಂಬ ಸಂಗತಿಗೆ ಆ ರೂಪದಲ್ಲಿ ಜಾಗವಿರಲಿಲ್ಲ.

ಅವರದೇ ಇನ್ನೊಂದು ರೂಪ ತಮಿಳು ಸಿನಿಮಾದ್ದು. 1970ರ ದಶಕದ ಚಲನಚಿತ್ರವೊಂದರ ಫೋಟೊದಲ್ಲಿ ಅವರು ಕೈಯಲ್ಲಿ ಚಾಟಿ ಹಿಡಿದು ನಿಂತಿದ್ದಾರೆ. ಈ ಫೋಟೊವನ್ನು ಬೆಂಗಳೂರಿನ ಇಬ್ಬರು ಕಲಾವಿದೆಯರು ಸ್ಟುಡಿಯೋದಲ್ಲಿ ಮತ್ತೆ ಸೃಷ್ಟಿಸಿದರು. ಜಯಲಲಿತಾ ಅವರ ಜಾಗದಲ್ಲಿ ವೇಷ ಧರಿಸಿ ನಿಂತವರು ಎನ್. ಪುಷ್ಪಮಾಲಾ, ಕ್ಯಾಮೆರಾ ಹಿಂದೆ ಇದ್ದವರು ಕ್ಲೇರ್ ಆರ್ನಿ. ಮೊದಲನೆಯವರು ಬೆಂಗಳೂರಿನವರು, ಬರೋಡಾದಲ್ಲಿ ಶಿಲ್ಪಕಲೆ ಕಲಿತವರು. ಎರಡನೆಯವರು ಬ್ರಿಟಿಷ್ ಮೂಲದವರಾದರೂ ದಕ್ಷಿಣ ಭಾರತದಲ್ಲೇ ಬೆಳೆದ ಛಾಯಾಗ್ರಾಹಕಿ. 2000ದಿಂದ 2004ರವರೆಗೆ ಇವರು ಜೊತೆಯಾಗಿ ನಡೆಸಿದ ಕೆಲಸದ ಹೆಸರು ‘ದಕ್ಷಿಣ ಭಾರತದ ಸ್ಥಳೀಯ ಸ್ತ್ರೀಯರು: ರೀತಿ ನೀತಿಗಳು’.

ಈ ಹೆಸರೇ ಒಂದು ಅಣಕ. ‘ರೀತಿ ನೀತಿಗಳು’ ಎಂಬುದು ಹಿಂದೆ ಆಳುವವರು ಆಳಿಸಿಕೊಳ್ಳುವವರ ಬಗ್ಗೆ ಬರೆದ ಗ್ರಂಥಗಳ ಭಾಷೆ. ಮದರಾಸಿನ ವಸ್ತುಸಂಗ್ರಹಾಲಯದಲ್ಲಿದ್ದ ಎಡ್ಗರ್ ಥರ್ಸ್ಟನ್ ಜನರ ತಲೆ, ಮೂಗುಗಳನ್ನು ಅಳೆದು, 1909ರಲ್ಲಿ ದಕ್ಷಿಣದ ಜಾತಿ, ಬುಡಕಟ್ಟುಗಳ ಕುರಿತು 7 ಸಂಪುಟ ಪ್ರಕಟಿಸಿದರು. ಇಂಥ ಅಧ್ಯಯನದ ಫೋಟೊಗಳಲ್ಲಿ ವ್ಯಕ್ತಿಯ ಹೆಸರು ಮುಖ್ಯವಲ್ಲ, ‘ಮಾದರಿ’ ಮುಖ್ಯ. ಅಂಥದೊಂದು ಫೋಟೊದ ಮಾದರಿಯಲ್ಲಿ ತೋಡ ಹೆಂಗಸಾಗಿಯೂ ಪುಷ್ಪಮಾಲಾ ನಿಂತರು. ಹಾಗೆಯೇ ರವಿವರ್ಮನ ಲಕ್ಷ್ಮಿಯಾದರು, ಬಿಜಾಪುರದ ಹಳೆಯ ವರ್ಣಚಿತ್ರದ ಯೋಗಿನಿಯಾದರು, ಪತ್ರಿಕೆಯಲ್ಲಿ ಅಚ್ಚಾದ ಅಪರಾಧಿಯಾದರು.

ಒಬ್ಬಳೇ ಹೆಂಗಸು ದೇವತೆ, ಅಪರಾಧಿ, ತಾರೆ, ಬುಡಕಟ್ಟಿನವಳು ಎಲ್ಲವೂ ಆಗಬಲ್ಲಳಾದರೆ, ಸೀರೆ, ಪರದೆ, ದೀಪ, ನಿಲುವು ಇವುಗಳಲ್ಲಿ ನಾವು ಗುರುತಿಸುವುದು ವ್ಯಕ್ತಿಯನ್ನೋ, ನಮಗೆ ರೂಢಿಯಾದ ಅಚ್ಚನ್ನೋ? ಈ ಜೋಡಿಯ ಕೆಲಸ ಕೇಳುವ ಪ್ರಶ್ನೆ ಇದು. ಸಾಲದ್ದಕ್ಕೆ ಹಳೆಯ ಫೋಟೊಗಳಲ್ಲಿ ಎದುರು ನಿಂತವರಿಗೆ ಮಾತಿರಲಿಲ್ಲ. ಇಲ್ಲಿ ಎದುರು ನಿಂತವಳೇ ಆಟದ ಸೂತ್ರಧಾರಿ.

ಪುಷ್ಪಮಾಲಾ ಇದನ್ನು ವಿಡಿಯೊಗೂ ವಿಸ್ತರಿಸಿದರು. 2004ರ ‘ರಾಷ್ಟ್ರೀಯ ಖೀರ್ ಮತ್ತು ದೇಶೀಯ ಸಲಾಡ್’ ಮೂಕಿಚಿತ್ರದ ಧಾಟಿಯದು. ತಾಯಿ ಮತ್ತು ಅತ್ತೆಯವರ ಹಳೆಯ ಅಡುಗೆ ಪುಸ್ತಕಗಳೇ ಅದಕ್ಕೆ ಆಧಾರ. ಹೊಸ ರಾಷ್ಟ್ರದ ಆದರ್ಶ ಗೃಹಿಣಿಯೂ ಒಂದು ವೇಷವೇ ಎಂಬುದನ್ನು ಅದು ನಗುನಗುತ್ತಲೇ ತೋರಿಸುತ್ತದೆ.

ಕಾವೇರಿ ನೀರಿನ ಸಂಕಟ ನಿಜವಾದದ್ದು, ಅದರ ಸಿಟ್ಟೂ ನಿಜವಾದದ್ದು. ಆದರೆ ಹುಲ್ಲು, ಬಟ್ಟೆಗಳ ಪ್ರತಿಕೃತಿಗೂ ಮೇಲುಕೋಟೆಯಲ್ಲಿ ಹುಟ್ಟಿದ ಮಗುವಿಗೂ ನಡುವೆ ಇರುವ ದೂರ ಬಹಳ. ಚಿತ್ರವನ್ನೇ ಮನುಷ್ಯರೆಂದು ನಂಬಿದಾಗ ಆ ದೂರ ಕಣ್ಣಿಗೆ ಬೀಳುವುದಿಲ್ಲ.