ಜೋಸೆಫ್ ಆರ್ಚ್: ಹೊಲದಿಂದ ಸಂಸತ್ತಿಗೆ ನಡೆದ ಕೂಲಿಕಾರ

ಹತ್ತೊಂಬತ್ತನೆಯ ಶತಮಾನದ ಇಂಗ್ಲೆಂಡಿನಲ್ಲಿ ಕೃಷಿ ಕೂಲಿಕಾರರನ್ನು ಸಂಘಟಿಸಿ, ಅವರಲ್ಲೊಬ್ಬರಾಗಿಯೇ ಸಂಸತ್ತನ್ನು ಪ್ರವೇಶಿಸಿದ ಮಹನೀಯರು ಜೋಸೆಫ್ ಆರ್ಚ್. ಧಣಿಗೆ ಎದುರಾಡಿದರೆ ಕೆಲಸದೊಡನೆ ತಲೆಯ ಮೇಲಣ ಸೂರೂ ಹೋಗುತ್ತಿದ್ದ ಕಾಲವದು. ಅಂಥ ಕಾಲದಲ್ಲಿ ಇವರಿಗೆ ಧೈರ್ಯ ಎಲ್ಲಿಂದ ಬಂತೆಂಬುದನ್ನು ತಿಳಿಯಲು ನಾವು ಅವರ ಮನೆಯಿಂದಲೇ ಆರಂಭಿಸಬೇಕು.

ಬಾಲ್ಯ ಮತ್ತು ದುಡಿಮೆ

ಆರ್ಚ್ ಅವರು 1826ರ ನವೆಂಬರ್ 10ರಂದು ವಾರ್ವಿಕ್‌ಶೈರ್ ಪ್ರಾಂತದ ಬಾರ್ಫರ್ಡ್ ಗ್ರಾಮದಲ್ಲಿ ಜನಿಸಿದರು. ಕುಟುಂಬ ಬಡದಾದರೂ ವಾಸದ ಮನೆ ಮಾತ್ರ ಸ್ವಂತದ್ದಾಗಿತ್ತು. ಉಳಿದ ಕೂಲಿಕಾರರಲ್ಲಿ ಅನೇಕರು ಧಣಿಗಳ ಮನೆಗಳಲ್ಲಿ ವಾಸವಾಗಿದ್ದರು. ವಿದೇಶೀ ಧಾನ್ಯವನ್ನು ತಡೆದು ರೊಟ್ಟಿಯ ಬೆಲೆ ಏರಿಸಿದ್ದ ಧಾನ್ಯ ಕಾನೂನುಗಳ ಪರವಾದ ಮನವಿಗೆ ರುಜು ಹಾಕಲು ಒಪ್ಪದ ತಂದೆಗೆ ಕೆಲಕಾಲ ಯಾರೂ ಕೆಲಸ ಕೊಡಲಿಲ್ಲವೆಂದು ಆರ್ಚ್ ತಮ್ಮ ಆತ್ಮಕಥೆಯಲ್ಲಿ ಸ್ಮರಿಸಿದ್ದಾರೆ. ಆದರೆ ಮನೆ ಬಿಡಿಸಲು ಯಾರಿಗೂ ಸಾಧ್ಯವಿರಲಿಲ್ಲ.

ಒಂಬತ್ತರ ವಯಸ್ಸಿನಲ್ಲಿಯೇ ಹೊಲದಲ್ಲಿ ಕಾಗೆಗಳನ್ನು ಓಡಿಸುವ ಕೆಲಸಕ್ಕೆ ಸೇರಿದ ಬಾಲಕನಿಗೆ ದಿನಕ್ಕೆ ಹನ್ನೆರಡು ಗಂಟೆಯ ದುಡಿಮೆ, ನಾಲ್ಕು ಪೆನ್ನಿ ಕೂಲಿ. ಮುಂದೆ ಅವರು ಗಿಡಬೇಲಿ ಕತ್ತರಿಸಿ ಹೆಣೆಯುವ ಕಸುಬಿನಲ್ಲಿ ಹೆಸರು ಗಳಿಸಿ, ಆ ಕೆಲಸಕ್ಕಾಗಿ ನಾಡಿನ ಹಲವು ಪ್ರಾಂತಗಳನ್ನು ಸುತ್ತಿದರು. ಪ್ರಿಮಿಟಿವ್ ಮೆಥಡಿಸ್ಟ್ ಪಂಥದ ಉಪದೇಶಕರಾಗಿದ್ದುದರಿಂದ ಸಭೆಯಲ್ಲಿ ನಿಂತು ಮಾತನಾಡುವ ರೂಢಿಯೂ ಬೆಳೆಯಿತು.

ಸಂಘದ ಉದಯ

1872ರ ಫೆಬ್ರವರಿ 7ರ ಸಂಜೆ ವೆಲ್ಸ್‌ಬೋರ್ನ್ ಗ್ರಾಮದ ಚೆಸ್ಟ್‌ನಟ್ ಮರದಡಿಯಲ್ಲಿ ಆರ್ಚ್ ಕೂಲಿಕಾರರನ್ನುದ್ದೇಶಿಸಿ ಮಾತನಾಡಿದರು. ಕೆಲವೇ ಮಂದಿ ಬಂದಾರೆಂದು ಎಣಿಸಿದ್ದಲ್ಲಿ ನೂರಾರು ಜನ ನೆರೆದಿದ್ದರು. ಅದೇ ಮಾರ್ಚ್‌ನಲ್ಲಿ ವಾರಕ್ಕೆ 16 ಷಿಲಿಂಗ್ ಕೂಲಿ ಬೇಡಿ ಮುಷ್ಕರ ಆರಂಭವಾಯಿತು. ಮೇ 29ರಂದು ಲೆಮಿಂಗ್ಟನ್ ಪಟ್ಟಣದಲ್ಲಿ ರಾಷ್ಟ್ರೀಯ ಕೃಷಿ ಕಾರ್ಮಿಕರ ಸಂಘ ಸ್ಥಾಪನೆಗೊಂಡು, ಆರ್ಚ್ ಅದರ ಅಧ್ಯಕ್ಷರಾದರು. 1874ರ ವೇಳೆಗೆ ಸದಸ್ಯರ ಸಂಖ್ಯೆ 86,000 ದಾಟಿತ್ತು.

1873ರಲ್ಲಿ ಆಸ್ಕಾಟ್ ಗ್ರಾಮದಲ್ಲಿ ಮುಷ್ಕರ ಮುರಿಯಲು ಬಂದವರನ್ನು ತಡೆದರೆಂದು 16 ಮಂದಿ ಸ್ತ್ರೀಯರನ್ನು ಸೆರೆಮನೆಗೆ ಕಳುಹಿಸಲಾಯಿತು. ಕೆಲವರ ಕಂಕುಳಲ್ಲಿ ಎಳೆಗೂಸುಗಳಿದ್ದವು. ಸ್ತ್ರೀಯರಿಗೆ ಸದಸ್ಯತ್ವವನ್ನೇ ನೀಡದ ಸಂಘಕ್ಕಾಗಿ ಅವರು ಸೆರೆವಾಸ ಅನುಭವಿಸಿದರೆಂಬುದನ್ನು ನಾವು ಮರೆಯಲಾಗದು.

ಕೂಲಿ ಹೆಚ್ಚದ ಕಡೆ ಊರು ಬಿಡುವುದೇ ದಾರಿಯೆಂದು ಸಂಘವು ಸದಸ್ಯರ ವಲಸೆಗೂ ನೆರವಾಯಿತು. ಆದರೆ ಇತರರನ್ನು ಕಳುಹಿಸುವ ಮುನ್ನ ಕೆನಡಾ ದೇಶದ ಪರಿಸ್ಥಿತಿಯನ್ನು ಕಣ್ಣಾರೆ ಕಾಣಲೆಂದು ಆರ್ಚ್ 1873ರಲ್ಲಿ ಅಲ್ಲಿಗೆ ತೆರಳಿದರು. ಊರು ಬಿಟ್ಟು ಬಾಳು ಕಟ್ಟಿಕೊಂಡ ಕುಟುಂಬಗಳವರಾದ ನಮಗೆ ಈ ಎಚ್ಚರಿಕೆಯ ಬೆಲೆ ಚೆನ್ನಾಗಿ ತಿಳಿದಿದೆ.

ಸೋಲು ಮತ್ತು ಮತದ ಹಕ್ಕು

1874ರಲ್ಲಿ ಪೂರ್ವ ಪ್ರಾಂತಗಳ ರೈತಧಣಿಗಳು ಸಂಘದ ಸದಸ್ಯರಿಗೆ ಕೆಲಸ ನಿರಾಕರಿಸಿದರು. ತಿಂಗಳುಗಟ್ಟಲೆ ಪರಿಹಾರ ಹಂಚಿದ ಸಂಘದ ಬೊಕ್ಕಸ ಬರಿದಾಗಿ, ಹೋರಾಟವನ್ನು ಕೈಬಿಡಬೇಕಾಯಿತು. ಆ ಬಳಿಕ ಸದಸ್ಯಬಲ ಕುಗ್ಗುತ್ತ ಹೋಯಿತು. 1867ರ ಕಾನೂನಿನಿಂದ ಪಟ್ಟಣಗಳ ಅನೇಕ ಕಾರ್ಮಿಕರಿಗೆ ಮತದಾನದ ಹಕ್ಕು ದೊರೆತಿದ್ದರೂ ಹಳ್ಳಿಯ ಕೂಲಿಕಾರರು ಹೊರಗುಳಿದಿದ್ದರು. ಆ ಹಕ್ಕಿಗಾಗಿ ಆರ್ಚ್ ಊರೂರು ತಿರುಗಿ ಪ್ರಚಾರ ನಡೆಸಿದರು. 1884ರ ಸುಧಾರಣಾ ಕಾನೂನು ಅವರಲ್ಲಿ ಬಹುಸಂಖ್ಯಾತರಿಗೆ ಮತ ನೀಡಿತು.

1885ರ ಚುನಾವಣೆಯಲ್ಲಿ ವಾಯವ್ಯ ನಾರ್ಫೋಕ್ ಕ್ಷೇತ್ರದಿಂದ ಲಿಬರಲ್ ಪಕ್ಷದ ಪರವಾಗಿ ಆರ್ಚ್ ಆಯ್ಕೆಯಾದರು. ಯುವರಾಜರ ಸ್ಯಾಂಡ್ರಿಂಗ್‌ಹ್ಯಾಮ್ ಬಂಗಲೆ ಇದ್ದದ್ದೂ ಅದೇ ಕ್ಷೇತ್ರದಲ್ಲಿ. 1886ರಲ್ಲಿ ಕೇವಲ 20 ಮತಗಳಿಂದ ಪರಾಭವಗೊಂಡರೂ 1892ರಲ್ಲಿ ಮತ್ತೆ ಗೆದ್ದು 1900ರವರೆಗೆ ಸದಸ್ಯರಾಗಿದ್ದರು. 1893ರಲ್ಲಿ ವೃದ್ಧ ಬಡವರ ಸ್ಥಿತಿಗತಿಯನ್ನು ಪರಿಶೀಲಿಸಲು ನೇಮಕವಾದ ರಾಜ ಆಯೋಗದಲ್ಲಿ ಯುವರಾಜರೊಡನೆ ಈ ಹಳೆಯ ಕಾಗೆ ಕಾಯುವ ಹುಡುಗನೂ ಸದಸ್ಯರಾಗಿ ಕುಳಿತರು.

ಕೊನೆಯ ದಿನಗಳು

ಅವರು ಕಟ್ಟಿದ ಸಂಘ 1896ರ ವೇಳೆಗೆ ಕೊನೆಗೊಂಡಿತು. 1898ರಲ್ಲಿ ಅವರ ಆತ್ಮಕಥೆ ಪ್ರಕಟವಾಯಿತು. 1919ರ ಫೆಬ್ರವರಿ 12ರಂದು, 92ನೆಯ ವಯಸ್ಸಿನಲ್ಲಿ, ಅವರು ಬಾರ್ಫರ್ಡ್‌ನ ಅದೇ ಸ್ವಂತ ಮನೆಯಲ್ಲಿ ನಿಧನ ಹೊಂದಿದರು. ಸಂಘ ಅಳಿದರೂ ಮತದ ಹಕ್ಕು ಉಳಿಯಿತು. ಸ್ವಂತ ಸೂರು ಆರ್ಚ್ ಅವರಿಗೆ ಕೊಟ್ಟ ನಿರ್ಭಯವನ್ನು, ಸೂರಿಲ್ಲದವರಿಗೆ ಸ್ವಲ್ಪಮಟ್ಟಿಗಾದರೂ ಆ ಮತವು ಒದಗಿಸಿತೆಂದು ನಾವು ಭಾವಿಸುತ್ತೇವೆ.