ಸೂಪಶಾಸ್ತ್ರದ ಶಾಕವೂ ಮಸ್ಕಿ ಸೀಮೆಯ ಪಲ್ಯವೂ

ಧರ್ಮ, ಕಾವ್ಯ, ಗಣಿತ, ವೈದ್ಯಗಳಲ್ಲಿ ಕೃತಿರಚನೆ ಮಾಡಿದ ಕನ್ನಡದ ಗ್ರಂಥಕಾರರು ಅಡುಗೆಯನ್ನೂ ಶಾಸ್ತ್ರವಾಗಿ ಬರೆದಿಟ್ಟಿದ್ದಾರೆ. ಸುಮಾರು ಕ್ರಿ.ಶ. 1025ರಲ್ಲಿ ಎರಡನೆಯ ಚಾವುಂಡರಾಯನು ರಚಿಸಿದ 'ಲೋಕೋಪಕಾರ'ದಲ್ಲಿ ಪಾಕವಿಷಯವು ಒಂದು ಭಾಗವಾಗಿದೆ. 16ನೆಯ ಶತಮಾನದ ಆದಿಯಲ್ಲಿ ಕಲ್ಲಹಳ್ಳಿಯ ಮೂರನೆಯ ಮಂಗರಸನು ಬರೆದ 'ಸೂಪಶಾಸ್ತ್ರ'ವಾದರೋ ಆದ್ಯಂತವೂ ಅದೇ ವಿಷಯದ್ದು. ಮಂಗರಸನು ಜೈನನಾದ ಮಾತ್ರಕ್ಕೆ ಅವನ ಕೃತಿಯನ್ನು ಶ್ರಾವಕರ ಮನೆಯ ಅಡುಗೆಗೆ ಸಾಕ್ಷ್ಯವೆಂದು ಸ್ವೀಕರಿಸಬಹುದೇ ಎಂಬುದು ಇಲ್ಲಿ ವಿಚಾರಣೀಯ.

ಈ ವಿಚಾರಕ್ಕೆ ಇಂದಿನ ರಾಯಚೂರು ಜಿಲ್ಲೆಯ ಮಸ್ಕಿ, ಲಿಂಗಸುಗೂರು, ಸಿಂಧನೂರು ಸೀಮೆ ತಕ್ಕ ಕ್ಷೇತ್ರವಾಗಿದೆ. ಚಾವುಂಡರಾಯನು ಕಲ್ಯಾಣ ಚಾಲುಕ್ಯರ ಎರಡನೆಯ ಜಯಸಿಂಹನ ಕಾಲದವನು. ಅದೇ ಅರಸನ ಕಾಲದ ಶಾಸನದಲ್ಲಿ ಮಸ್ಕಿಯು 'ಪಿರಿಯ ಮೊಸಂಗಿ' ಎಂದು ಉಕ್ತವಾಗಿದೆ. ಆದುದರಿಂದ ಲೋಕೋಪಕಾರವು ಹುಟ್ಟಿದ ರಾಜ್ಯದೊಳಗಿನದೇ ಈ ನೆಲ.

ಮೊದಲು ಗ್ರಂಥಸಾಕ್ಷ್ಯವನ್ನು ನೋಡೋಣ. ಮಂಗರಸನು ಬದನೆ, ಹಲಸು, ಬಾಳೆಕಾಯಿ, ಬಾಳೆಹೂವು, ಕಳಲೆ ಮೊದಲಾದವುಗಳ ಪಾಕಗಳನ್ನು ವಿಸ್ತಾರವಾಗಿ ಹೇಳುತ್ತಾನೆ. ಬದನೆಯೊಂದರಲ್ಲಿಯೇ ಹಲವು ಬಗೆಗಳುಂಟು. ಆದರೆ 22 ಅಭಕ್ಷ್ಯಗಳ ಪ್ರಸಿದ್ಧ ಪಟ್ಟಿಯಲ್ಲಿ ಬದನೆಯು ಸೇರಿದೆ. ಸಮಂತಭದ್ರಾಚಾರ್ಯರ 'ರತ್ನಕರಂಡಕ ಶ್ರಾವಕಾಚಾರ'ವು ಅಲ್ಪಫಲವೂ ಬಹುಘಾತವೂ ಆದವುಗಳಲ್ಲಿ ಮೂಲಂಗಿ, ಹಸಿಶುಂಠಿಗಳನ್ನು ಹೆಸರಿಸುವುದಾದರೂ ಅಲ್ಲಿ ಬದನೆಯ ಹೆಸರಿಲ್ಲ. ಹೀಗಿರುವಲ್ಲಿ ಎರಡು ಊಹೆಗಳಿಗೆ ಅವಕಾಶವಿದೆ. ಬದನೆಯ ನಿಷೇಧವು ಎಲ್ಲ ಕಾಲದಲ್ಲಿಯೂ ಎಲ್ಲ ಕಡೆಯಲ್ಲಿಯೂ ಸಮಾನವಾಗಿ ನಡೆಯುತ್ತಿರಲಿಲ್ಲ ಎಂಬುದು ಒಂದು. ಪ್ರಭುವಾಗಿದ್ದ ಕವಿಯು ಲೋಕದ ರುಚಿಗಾಗಿ ಬರೆದನೇ ಹೊರತು ವ್ರತಿಗಳಿಗಾಗಿ ಅಲ್ಲ ಎಂಬುದು ಇನ್ನೊಂದು. ಯಾವುದನ್ನು ಒಪ್ಪಿದರೂ ಸೂಪಶಾಸ್ತ್ರವನ್ನು ಶ್ರಾವಕಾಚಾರದ ಕನ್ನಡಿಯೆಂದು ಹೇಳಲಾಗದು.

ಇನ್ನು ಒಲೆಯ ಬಳಿಯ ಸಾಕ್ಷ್ಯ. ಒಣಬೇಸಾಯದ ಈ ಸೀಮೆಯಲ್ಲಿ ತೆಂಗಿನ ತೋಟಗಳು ವಿರಳ. ಕರಾವಳಿಯವರು ಹಸಿಕಾಯಿಯನ್ನು ತುರಿದು ಪಲ್ಯಕ್ಕೆ ಧಾರಾಳವಾಗಿ ಹಾಕಿದರೆ ಇಲ್ಲಿಯವರು ಪೇಟೆಯಿಂದ ತಂದ ಒಣಕೊಬ್ಬರಿಯನ್ನು ಹಿತಮಿತವಾಗಿ ಬಳಸುತ್ತಾರೆ. ಆಚಾರನಿಷ್ಠರ ಮನೆಯಲ್ಲಿ ಹೀರೆಕಾಯಿಯನ್ನಾಗಲಿ ಚವಳಿಕಾಯಿಯನ್ನಾಗಲಿ ಹುಳುವಿಲ್ಲವೆಂದು ನೋಡಿ ಹೆಚ್ಚಿ, ಸೋಸಿದ ನೀರಿನಲ್ಲಿ ತೊಳೆಯುತ್ತಾರೆ. ಎಣ್ಣೆಯಲ್ಲಿ ಸಾಸಿವೆ, ಜೀರಿಗೆ, ಇಂಗು, ಕರಿಬೇವುಗಳ ಒಗ್ಗರಣೆ ಮಾಡಿ ಕಾಯಿಯನ್ನು ಹಾಕಿ, ಅರಿಸಿನ ಉಪ್ಪುಗಳೊಡನೆ ಮುಚ್ಚಿ ಬೇಯಿಸುತ್ತಾರೆ. ಬೆಂದ ಮೇಲೆ ಖಾರದಪುಡಿ, ತುಸು ಬೆಲ್ಲ, ಗುರೆಳ್ಳಿನ ಅಥವಾ ಶೇಂಗಾದ ಪುಡಿ ಬೆರೆಸಿ, ಕೊನೆಗೆ ಕೊಬ್ಬರಿತುರಿ ಉದುರಿಸಿ ಇಳಿಸುತ್ತಾರೆ. ಉಳ್ಳಾಗಡ್ಡಿ, ಬಳ್ಳೊಳ್ಳಿಗಳಿಗೆ ಇಲ್ಲಿ ಪ್ರವೇಶವಿಲ್ಲ. ಅಷ್ಟಮಿ, ಚತುರ್ದಶಿಗಳಲ್ಲಿ ಹಸಿಕಾಯಿಪಲ್ಯವನ್ನು ಬಿಟ್ಟವರಿಗೆ ಬೇಳೆಕಾಳುಗಳೇ ಆಧಾರ. ಊಟವು ಸೂರ್ಯಾಸ್ತಕ್ಕೆ ಮುನ್ನವೇ ಮುಗಿಯತಕ್ಕದ್ದು.

ಈ ಪಲ್ಯವನ್ನು ಹಾಗೆಯೇ ಚಾವುಂಡರಾಯನ ಕಾಲಕ್ಕೆ ಒಯ್ಯುವುದೂ ತಪ್ಪು. ಮೆಣಸಿನಕಾಯಿ, ಶೇಂಗಾಗಳು ಅಮೆರಿಕಾ ಖಂಡದಿಂದ ಬಂದವು. 1498ರಲ್ಲಿ ಪೋರ್ಚುಗೀಸರು ಭಾರತವನ್ನು ತಲಪುವ ಮೊದಲು ಅವು ಇಲ್ಲಿ ಇರಲಿಲ್ಲ. ಅಂದಿನ ಖಾರವು ಕರಿಮೆಣಸಿನದು. ಆದರೆ ನೋಡಿ ಹೆಚ್ಚುವ, ಸೋಸಿ ತೊಳೆಯುವ, ಹೊತ್ತಿಗೆ ಮುನ್ನ ಉಣ್ಣುವ ಕ್ರಮಗಳು ಶ್ರಾವಕಾಚಾರದ ಅಹಿಂಸಾನಿಯಮಗಳಿಂದ ಬಂದವು. ಪದಾರ್ಥಗಳು ಬದಲಾದರೂ ವಿಧಿಯು ಉಳಿದಿದೆ.

ಹಸ್ತಪ್ರತಿ ಸಂಪಾದಕರಿಗೆ ಇಲ್ಲಿ ಇನ್ನೊಂದು ಎಚ್ಚರಿಕೆಯುಂಟು. 'ಕಾಯಿ' ಎಂದರೆ ಹಳೆಯ ಮೈಸೂರಿನವರಿಗೆ ಅಡುಗೆಯ ಪ್ರಸಂಗದಲ್ಲಿ ತೆಂಗಿನಕಾಯಿಯೇ ಹೊಳೆಯುತ್ತದೆ. ಬೇರೆಡೆ ಅದು ತರಕಾರಿಯೂ ಆಗಬಹುದು. 'ಪಲ್ಯ'ವೆಂಬುದು ಈ ಸೀಮೆಯಲ್ಲಿ ಬೇಯಿಸಿದ ವ್ಯಂಜನಕ್ಕೂ ಹಸಿಯ ಸೊಪ್ಪಿಗೂ ಸಲ್ಲುವ ಮಾತು. ಪ್ರದೇಶದ ಬಳಕೆಯನ್ನು ಅರಿಯದೆ ಅರ್ಥಕೋಶವನ್ನು ರಚಿಸಿದರೆ ಪಾಕವಿಧಾನವೇ ತಲೆಕೆಳಗಾದೀತು.

1953ರಲ್ಲಿ ತುಂಗಭದ್ರಾ ಜಲಾಶಯದ ನೀರು ಹರಿದ ಮೇಲೆ ಸಿಂಧನೂರಿನ ಸುತ್ತ ಬತ್ತದ ಗದ್ದೆಗಳು ಹರಡಿದವು. ಜೋಳದ ರೊಟ್ಟಿಗೆ ಹೊಂದುವಂತೆ ಮಾಡುತ್ತಿದ್ದ ಪಲ್ಯವು ಅನ್ನದ ಪಕ್ಕಕ್ಕೆ ಸರಿಯಿತು. ಓಲೆಗರಿಗಳು ಭಾಂಡಾರದಲ್ಲಿ ಇನ್ನಷ್ಟು ಕಾಲ ಉಳಿದಾವು. ವೃದ್ಧ ಶ್ರಾವಿಕೆಯರ ಕೈಯಲ್ಲಿರುವ ಕ್ರಮಕ್ಕೆ ಪ್ರತಿಯಿಲ್ಲ. ಅದನ್ನು ಕೇಳಿ ಬರೆದಿಡುವುದೂ ಹಸ್ತಪ್ರತಿಶಾಸ್ತ್ರದ ಕರ್ತವ್ಯವೇ ಸರಿ.