ಹೆಂಪ್ ಬೆಳೆಯ ಸಂಪರ್ಕ ಮತ್ತು ಕೂದಲಿನ ಮಾದಕವಸ್ತು ಪರೀಕ್ಷೆ

ಹೆಂಪ್ ಗಾಂಜಾ ಜಾತಿಗೆ ಸೇರಿದ ನಾರು ಬೆಳೆ. ಹಸಿರೆಲೆ ಗೊಬ್ಬರದ ಸೆಣಬಿಗೂ ಇದಕ್ಕೂ ನಂಟಿಲ್ಲ. ಉತ್ತರಾಖಂಡದಲ್ಲಿ ಪರವಾನಗಿಯೊಡನೆ ಬೆಳೆಯುವ ಹೆಂಪ್‌ನಲ್ಲಿ ಟಿಎಚ್‌ಸಿ ಎಂಬ ಮಾದಕಾಂಶವು ಶೇ. 0.3ನ್ನು ಮೀರುವಂತಿಲ್ಲ. ಆದರೂ ಅದು ಕೂದಲಿನಲ್ಲಿ ಪತ್ತೆಯಾಗಬಹುದು.

ಕೂದಲು ತಿಂಗಳಿಗೆ ಸುಮಾರು 1 ಸೆಂ.ಮೀ. ಬೆಳೆಯುವುದರಿಂದ ಬುಡದ 3 ಸೆಂ.ಮೀ. ತುಣುಕು ಸರಿಸುಮಾರು ಮೂರು ತಿಂಗಳ ಅವಧಿಯನ್ನು ಸೂಚಿಸುತ್ತದೆ. ಕಟಾವಿನ ವೇಳೆ ಹೂತೆನೆಯ ಅಂಟು ಕೈಯಿಂದ ಕೂದಲಿಗೆ ತಗುಲಿದರೂ ಟಿಎಚ್‌ಸಿ ಕಾಣಿಸಿಕೊಳ್ಳುತ್ತದೆ. ತೊಳೆದರೆ ಪೂರ್ಣವಾಗಿ ಹೋಗದು. ಆದುದರಿಂದ ಟಿಎಚ್‌ಸಿ ಕಂಡ ಮಾತ್ರಕ್ಕೆ ಸೇವನೆ ಎನ್ನಲಾಗದು. ಅದು ದೇಹದೊಳಗೆ ಮಾರ್ಪಟ್ಟು ಉಂಟಾಗುವ ಟಿಎಚ್‌ಸಿ-ಸಿಒಒಎಚ್ ಎಂಬ ವಸ್ತುವಿನ ಪರೀಕ್ಷೆಯೇ ಹೆಚ್ಚು ವಿಶ್ವಾಸಾರ್ಹ. ಆದರೆ ಇದೂ ಮೂಲ ಹೆಂಪೋ ಗಾಂಜಾವೋ ಎಂಬುದನ್ನು ತಿಳಿಸದು.

ಹೆಂಪ್ ಕೆಲಸಗಾರರು ತಲೆವಸ್ತ್ರ, ಕೈಗವಸು ಧರಿಸಬೇಕು. ಮಾದರಿ ನೀಡುವ ಮುನ್ನವೇ ತಮ್ಮ ಉದ್ಯೋಗವನ್ನು ಲಿಖಿತವಾಗಿ ತಿಳಿಸಿ, ದೃಢೀಕರಣ ಪರೀಕ್ಷೆಯನ್ನು ಕೋರಬೇಕು.